ಚಕ್ರದ ಮರೆಯಲ್ಲಿ ಸವೆಯುವ ಬಿಲ್ಲೆ

ಹುಣಸೂರಿನಿಂದ ಗೋಣಿಕೊಪ್ಪಲಿಗೆ ಬರುವ ಮಾರ್ಗವು ಆನೆಚೌಕೂರನ್ನು ದಾಟಿ, ನಾಗರಹೊಳೆಯ ಕಾಡಿನ ನಡುವೆ ಹಾಯ್ದು, ಮತ್ತಿಗೋಡಿನ ಆನೆ ಶಿಬಿರವನ್ನು ಬದಿಗಿರಿಸಿಕೊಂಡು ತಿತಿಮತಿಯನ್ನು ಸೇರುವ ತನಕ, ಕಾರು ನಡೆಸುವವನ ಬಲಗಾಲಿಗೆ ವಿಶ್ರಾಂತಿಯೆಂಬುದಿಲ್ಲ. ವೇಗವನ್ನು ತಡೆಯಲೆಂದೇ ಹಾಕಿರುವ ಹಂಪುಗಳು ಒಂದರ ಹಿಂದೊಂದು ಬರುತ್ತವೆ. ಹಂಪು ಮುಗಿಯಿತೆಂದು ಕಾಲನ್ನು ಸಡಿಲಿಸುವಷ್ಟರಲ್ಲಿ ಬಿದಿರುಮೆಳೆಯ ಅಂಚಿನಿಂದ ಜಿಂಕೆಯೊಂದು ರಸ್ತೆಗೆ ಇಳಿಯುತ್ತದೆ. ಅದು ದಾಟಿತೆಂದು ಮುಂದುವರಿದರೆ ಅದರ ಹಿಂದಿನ ಹಿಂಡು ಇನ್ನೂ ದಾಟಿರುವುದಿಲ್ಲ. ಇಂತಹ ದಾರಿಯಲ್ಲಿ ನಿತ್ಯ ಓಡಾಡುವ ವಾಹನದ ಬ್ರೇಕು, ಬಯಲುಸೀಮೆಯ ನೇರ ಹೆದ್ದಾರಿಯಲ್ಲಿ ಓಡುವ ಅದೇ ಮಾದರಿಯ ವಾಹನದ ಬ್ರೇಕಿಗಿಂತ ಬಹು ಬೇಗ ಸವೆಯುವುದೆಂಬುದು ಈ ಕಡೆಯ ಮೆಕ್ಯಾನಿಕ್ಕುಗಳಿಗೆಲ್ಲ ತಿಳಿದ ಸಂಗತಿ. ವಾಹನದ ಒಡೆಯರಾದ ನಾವು ಮಾತ್ರ ಸವೆತವನ್ನು ಕಿಲೋಮೀಟರುಗಳಲ್ಲಿ ಎಣಿಸುವ ಅಭ್ಯಾಸವನ್ನು ಬಿಟ್ಟಿಲ್ಲ. ಇಷ್ಟು ಸಾವಿರ ಓಡಿದೆ, ಇನ್ನಷ್ಟು ಸಾವಿರ ಓಡೀತು ಎಂಬ ಲೆಕ್ಕವನ್ನೇ ನಂಬಿ ಕುಳಿತಿರುತ್ತೇವೆ. ಆ ಲೆಕ್ಕವು ಕೊಡಗಿನ ಮಳೆಗೂ ಇಳಿಜಾರಿಗೂ ಹೊಂದತಕ್ಕುದಲ್ಲ.

2018ರ ಅಕ್ಟೋಬರಿನಲ್ಲಿ ಇದೇ ರಸ್ತೆಯಲ್ಲಿ, ಮತ್ತಿಗೋಡು ಶಿಬಿರದ ಸಮೀಪದಲ್ಲಿ, ರಂಗನೆಂಬ ಆನೆಯು ಬಸ್ಸು ಬಡಿದು ಅಸುನೀಗಿತು. ಬೆಂಗಳೂರಿನ ಸುತ್ತಣ ಊರುಗಳಲ್ಲಿ ಪುಂಡನೆಂದು ಹೆಸರಾಗಿ, ಸೆರೆಸಿಕ್ಕು, ಇಲ್ಲಿಗೆ ಬಂದು ಪಳಗಿದ್ದ ಸಲಗವದು. ಆ ದುರಂತಕ್ಕೆ ಬ್ರೇಕಿನ ದೋಷವು ಕಾರಣವೆಂದು ನಾನು ಹೇಳುತ್ತಿಲ್ಲ. ಆದರೆ ಅಂದಿನಿಂದ ಈ ದಾರಿಯಲ್ಲಿ ಹೋಗುವಾಗಲೆಲ್ಲ, ನಿಲ್ಲಿಸಬೇಕೆಂದು ಮನಸ್ಸಿಗೆ ತೋರಿದ ಕ್ಷಣಕ್ಕೂ ಚಕ್ರವು ನಿಂತ ಕ್ಷಣಕ್ಕೂ ನಡುವೆ ಎಷ್ಟು ನೆಲ ಸರಿದುಹೋಗುತ್ತದೆಂಬ ವಿಚಾರ ನನ್ನನ್ನು ಬಿಟ್ಟಿಲ್ಲ. ಗಂಟೆಗೆ 60 ಕಿಲೋಮೀಟರು ವೇಗದಲ್ಲಿ ಹೋಗುವ ಕಾರು, ಚಾಲಕನು ಎಚ್ಚೆತ್ತು ಕಾಲಿಡಲು ತೆಗೆದುಕೊಳ್ಳುವ ಒಂದು ಸೆಕೆಂಡಿನಲ್ಲೇ ಸುಮಾರು 17 ಮೀಟರು ಸಾಗಿರುತ್ತದೆ. ಬ್ರೇಕು ಪೂರ್ಣವಾಗಿ ಹಿಡಿದ ಮೇಲೂ ಒಣರಸ್ತೆಯಲ್ಲಿ ಮತ್ತೆ 20 ಮೀಟರು ಬೇಕು. 40ರ ವೇಗದಲ್ಲಿ ಎರಡೂ ಕೂಡಿ 20 ಮೀಟರೊಳಗೆ ಮುಗಿಯುತ್ತದೆ. ಇದು ಬ್ರೇಕು ಸುಸ್ಥಿತಿಯಲ್ಲಿರುವಾಗಿನ ಮಾತು. 2009ರಲ್ಲಿ ಬಂಡೀಪುರದ ಹೆದ್ದಾರಿಯಲ್ಲಿ ರಾತ್ರಿ ಸಂಚಾರ ನಿಂತ ಮೇಲೆ, ವಯನಾಡಿಗೆ ಹೋಗುವ ವಾಹನಗಳಿಗೆ ಹುಣಸೂರು, ಗೋಣಿಕೊಪ್ಪಲು, ಕುಟ್ಟದ ಮಾರ್ಗವೇ ಬದಲಿ ದಾರಿಯಾದುದರಿಂದ, ಕತ್ತಲಲ್ಲಿ ಈ ಕಾಡನ್ನು ಹಾಯುವವರ ಹೊಣೆ ಇನ್ನೂ ಹಿರಿದಾಗಿದೆ.

ಬ್ರೇಕು ಮಾಡುವ ಕೆಲಸವಾದರೂ ಏನು? ಓಡುವ ವಾಹನದಲ್ಲಿ ಸಂಚಿತವಾಗಿರುವ ಶಕ್ತಿಯನ್ನು ಘರ್ಷಣೆಯ ಮೂಲಕ ಉಷ್ಣವಾಗಿ ಮಾರ್ಪಡಿಸಿ ಗಾಳಿಗೆ ಬಿಡುವುದು. ಜನರೂ ಸಾಮಾನೂ ಸೇರಿ 1,200 ಕಿಲೋ ತೂಗುವ ಸಣ್ಣ ಕಾರನ್ನು 60ರ ವೇಗದಿಂದ ಒಮ್ಮೆ ಪೂರ್ತಿ ನಿಲ್ಲಿಸಿದಾಗ ಹುಟ್ಟುವ ಶಾಖವು ಅರ್ಧ ಲೀಟರು ತಣ್ಣೀರನ್ನು ಕುದಿಯುವ ಮಟ್ಟಕ್ಕೆ ತರಬಲ್ಲುದು. ಮನೆಗೆ ಬಂದ ಮೂವರು ನೆಂಟರಿಗೆ ಕಾಫಿ ಕಾಸಲು ಅಷ್ಟು ಸಾಕು. ವೇಗವು ಎರಡರಷ್ಟಾದರೆ ಶಾಖವು ನಾಲ್ಕರಷ್ಟಾಗುತ್ತದೆ. ಘಟ್ಟವನ್ನು ಇಳಿಯುವಾಗಿನ ಲೆಕ್ಕ ಇನ್ನೂ ದೊಡ್ಡದು: ಅದೇ ಕಾರು ವೇಗವನ್ನು ಹೆಚ್ಚಿಸಿಕೊಳ್ಳದೆ ಪ್ರತಿ 100 ಮೀಟರು ಎತ್ತರವನ್ನು ಇಳಿಯುವಾಗ ಮೂರೂವರೆ ಲೀಟರು ನೀರನ್ನು ಕುದಿಸುವಷ್ಟು ಶಾಖ ಬಿಡುಗಡೆಯಾಗುತ್ತದೆ. ವಿರಾಜಪೇಟೆಯಿಂದ ಪೆರುಂಬಾಡಿಯ ಮೂಲಕ ಮಾಕುಟ್ಟದ ಕಡೆಗೆ, ಅಥವಾ ಮಡಿಕೇರಿಯಿಂದ ಸಂಪಾಜೆಯ ಕಡೆಗೆ, ನೂರಾರು ಮೀಟರು ಇಳಿಯುವವನು ಗೇರನ್ನು ತಗ್ಗಿಸಿ ಎಂಜಿನ್ನಿಗೆ ಆ ಭಾರವನ್ನು ಹೊರಿಸದೆ, ಎಲ್ಲವನ್ನೂ ಬ್ರೇಕಿನ ಮೇಲೆಯೇ ಹೇರಿದರೆ, ಮುಂದಿನ ಚಕ್ರಗಳ ಎರಡು ಬೀಡುಕಬ್ಬಿಣದ ಬಿಲ್ಲೆಗಳು, ಎಂದರೆ ಡಿಸ್ಕುಗಳು, ಅದನ್ನು ಎಷ್ಟು ಹೊತ್ತು ತಾಳಿಯಾವು?

ಹಿಂದೆ ಇಲ್ಲಿಯ ತೋಟಗಳಲ್ಲಿ ಓಡುತ್ತಿದ್ದ ಹಳೆಯ ಜೀಪುಗಳಿಗೆ ನಾಲ್ಕು ಚಕ್ರಗಳಲ್ಲೂ ಡ್ರಮ್ಮುಗಳೇ ಇದ್ದವು. ಹಳ್ಳ ದಾಟಿದ ಮೇಲೆ ಡ್ರಮ್ಮಿನೊಳಗಿನ ನೀರು ಆರುವವರೆಗೆ ಬ್ರೇಕನ್ನು ಮೆಲ್ಲಗೆ ಒತ್ತಿಕೊಂಡೇ ಹೋಗುವುದು ಆ ಕಾಲದ ಚಾಲಕರ ಪಾಠವಾಗಿತ್ತು. ತೆರೆದಿರುವ ಬಿಲ್ಲೆಯನ್ನು ಎರಡು ಪಕ್ಕಗಳಿಂದ ಹಿಡಿದು ನಿಲ್ಲಿಸುವ ಉಪಾಯಕ್ಕೆ ಇಂಗ್ಲೆಂಡಿನ ಫ್ರೆಡರಿಕ್ ಲ್ಯಾಂಚೆಸ್ಟರನು 1902ರಲ್ಲಿಯೇ ಪೇಟೆಂಟು ಪಡೆದಿದ್ದರೂ, 1953ರ ಲ ಮಾನ್ ಪಂದ್ಯವನ್ನು ಡಿಸ್ಕ್ ಬ್ರೇಕಿನ ಜಾಗ್ವಾರ್ ಕಾರು ಗೆದ್ದ ತರುವಾಯವೇ ಲೋಕವು ಅದರತ್ತ ತಿರುಗಿ ನೋಡಿತು. ಇಂದು ನಮ್ಮ ಸಣ್ಣ ಕಾರುಗಳಲ್ಲಿ ಮುಂದಿನ ಚಕ್ರಗಳಿಗೆ ಡಿಸ್ಕ್, ಹಿಂದಿನವಕ್ಕೆ ಡ್ರಮ್ ಎಂಬುದೇ ಸಾಮಾನ್ಯ ಏರ್ಪಾಡು. ಬ್ರೇಕು ಹಿಡಿದಾಗ ಭಾರವು ಮುಂದಕ್ಕೆ ವಾಲುವುದರಿಂದ ನಿಲ್ಲಿಸುವ ಕೆಲಸದ ಬಹುಪಾಲು ಮುಂದಿನ ಆ ಜೋಡಿ ಬಿಲ್ಲೆಗಳದ್ದೇ.

ಕೆಲವು ವರ್ಷಗಳ ಹಿಂದೆ, ಮಳೆಗಾಲದಲ್ಲಿ ಮೂರು ವಾರ ಶೆಡ್ಡಿನಲ್ಲೇ ನಿಂತಿದ್ದ ನಮ್ಮ ಕಾರನ್ನು ತೆಗೆದುಕೊಂಡು ಕಣ್ಣೂರಿಗೆ ಹೊರಟಿದ್ದೆ. ಮಾಕುಟ್ಟದ ಇಳಿಜಾರಿನ ಮೂರನೆಯದೋ ನಾಲ್ಕನೆಯದೋ ತಿರುವಿನಲ್ಲಿ ಬ್ರೇಕು ಒತ್ತಿದೊಡನೆ ಸ್ಟೇರಿಂಗು ಕೈಯಲ್ಲಿ ಅದುರತೊಡಗಿತು. ಕಾಲನ್ನು ತೆಗೆದರೆ ಅದುರು ನಿಲ್ಲುವುದು, ಒತ್ತಿದರೆ ಮತ್ತೆ ಮೊದಲಾಗುವುದು. ಎರಡನೆಯ ಗೇರಿನಲ್ಲಿ ಮೆಲ್ಲಮೆಲ್ಲನೆ ಇಳಿದು, ಹಾಗೆಯೇ ಹಿಂದಿರುಗಿ, ಮರುದಿನ ತಿತಿಮತಿಯ ಮೆಕ್ಯಾನಿಕ್ಕಿನ ಮುಂದೆ ಕಾರನ್ನು ನಿಲ್ಲಿಸಿದೆ. ಚಕ್ರದ ಸಂದಿಯಿಂದ ಇಣುಕಿ ನೋಡಿದ ನನಗೆ ಬಿಲ್ಲೆಯು ಬೆಳ್ಳಿಯಂತೆ ಹೊಳೆಯುತ್ತಿದ್ದುದರಿಂದ, ಇದರಲ್ಲೇನು ಕೆಟ್ಟಿದೆಯೆಂದು ಕೇಳಿದೆ. ಆತ ಚಕ್ರವನ್ನು ಕಳಚಿ, "ಹೊರಗಿನ ಮುಖ ನೋಡಿ ನಂಬ್ಬೇಡಿ ಸಾರ್, ಒಳಗಡೆ ಕೈ ಹಾಕಿ ನೋಡಿ" ಎಂದ. ಒಳಮುಖವನ್ನು ಬೆರಳಿನಿಂದ ಸವರಿದಾಗ ನೇಗಿಲ ಸಾಲಿನಂತಹ ಗೆರೆಗಳು ತಾಗಿದವು. ಅಂಚಿನಲ್ಲಿ ತುಕ್ಕು ಹಿಡಿದ ಒಂದು ದಿಣ್ಣೆ ಎದ್ದು ನಿಂತಿತ್ತು. ಪ್ಯಾಡುಗಳನ್ನು ಬಿಲ್ಲೆಗೆ ಒತ್ತುವ ಕ್ಯಾಲಿಪರು ಜಾರಬೇಕಾದ ಪಿನ್ನಿನ ಗ್ರೀಸು ಒಣಗಿ ತುಕ್ಕು ಕಟ್ಟಿದ್ದರಿಂದ ಅದು ಸರಾಗವಾಗಿ ಸರಿಯದೆ, ಒಳಗಡೆಯ ಪ್ಯಾಡೊಂದೇ ಬಿಲ್ಲೆಯನ್ನು ತಿನ್ನುತ್ತಾ ಬಂದಿತ್ತು. ಹೊರಮುಖವನ್ನು ನೋಡಿ ತೃಪ್ತನಾಗಿದ್ದವನು ನಾನೊಬ್ಬನೇ ಆಗಿರಲಾರೆ ಎಂಬ ಭಾವನೆಯಿಂದ ಇದನ್ನಿಲ್ಲಿ ಬರೆದಿದ್ದೇನೆ.

ಸವೆತದ ಲಕ್ಷಣಗಳಲ್ಲಿ ಎಲ್ಲವೂ ಭೀತಿಗೆ ಕಾರಣವಾದುವಲ್ಲ. ಮಳೆಯಲ್ಲಿ ಒಂದು ರಾತ್ರಿ ನಿಂತ ಕಾರಿನ ಬಿಲ್ಲೆಯ ಮೇಲೆ ಬೆಳಿಗ್ಗೆ ಕಿತ್ತಳೆ ಬಣ್ಣದ ತೆಳುಪೊರೆ ಕಟ್ಟಿರುವುದು ಬೀಡುಕಬ್ಬಿಣದ ಸಹಜ ಧರ್ಮ. ನಾಲ್ಕಾರು ಸಲ ಬ್ರೇಕು ಹಿಡಿದರೆ ಪ್ಯಾಡೇ ಅದನ್ನು ಒರೆಸಿಬಿಡುತ್ತದೆ. ವಾರಗಟ್ಟಲೆ ನಿಂತಾಗ ಪ್ಯಾಡು ಒತ್ತಿಕೊಂಡ ಜಾಗದಲ್ಲಿ ಅದರದೇ ಆಕಾರದ ಕಲೆ ಮೂಡಿ, ತುಕ್ಕು ಆಳಕ್ಕಿಳಿದು ಕುಳಿಗಳಾಗುವುದು ಬೇರೆಯ ಸಂಗತಿ. ಕುಳಿಬಿದ್ದ ಮುಖವು ಹೊಸ ಪ್ಯಾಡನ್ನೂ ಕೆಡಿಸುತ್ತದೆ. ಕೂದಲೆಳೆಯಂತಹ ಬಿರುಕುಗಳ ಬಲೆಯು ಮೇಲ್ಮೈಯಲ್ಲಷ್ಟೇ ಇದ್ದರೆ ಅದು ಶಾಖದ ಗುರುತು, ಕಣ್ಣಿಟ್ಟು ನೋಡುತ್ತಿರಬೇಕು. ಬಿರುಕು ಅಂಚನ್ನು ಮುಟ್ಟಿದ್ದರೆ ಆ ಬಿಲ್ಲೆಯಲ್ಲಿ ಮತ್ತೊಂದು ದಿನವೂ ಓಡಿಸಬಾರದು. ನೀಲಿಗಪ್ಪು ಚುಕ್ಕೆಗಳು ಕಂಡಲ್ಲಿ ಕಬ್ಬಿಣವು ಅತಿಯಾಗಿ ಕಾದು ಅಲ್ಲಲ್ಲಿ ಗಟ್ಟಿಗಟ್ಟಿದೆಯೆಂದು ತಿಳಿಯಬೇಕು. ಲೇತಿಗೆ ಹಾಕಿ ಮೇಲ್ಪದರವನ್ನು ತೆಗೆದರೂ ಅಡಿಯಲ್ಲಿ ಉಳಿದ ಗಟ್ಟಿಭಾಗವು ಸ್ವಲ್ಪ ಕಾಲದಲ್ಲಿಯೇ ಮತ್ತೆ ಉಬ್ಬಿ ಕಾಣುತ್ತದೆ. ಕೀಚೆಂದು ಲೋಹದ ಸದ್ದು ಬಂದರೆ ಅದು ಬಹುಮಟ್ಟಿಗೆ ಪ್ಯಾಡು ಮುಗಿದುದನ್ನು ಸಾರಲೆಂದೇ ಇಟ್ಟಿರುವ ತಗಡಿನ ಕೂಗು. ಪ್ಯಾಡಿನ ಘರ್ಷಣಪದರವು 3 ಮಿಲಿಮೀಟರಿಗೆ ಇಳಿಯುವ ಮೊದಲೇ ಬದಲಿಸಿಬಿಟ್ಟರೆ ಬಿಲ್ಲೆಗೂ ಆಯುಸ್ಸು.

ಅದುರುವಿಕೆಯ ವಿಷಯದಲ್ಲಿ ಒಂದು ತಪ್ಪು ತಿಳುವಳಿಕೆ ಎಲ್ಲೆಲ್ಲಿಯೂ ಇದೆ. ಡಿಸ್ಕು ಕಾದು ಬಾಗಿದೆ ಎಂದು ನಾವು ಹೇಳಿಬಿಡುತ್ತೇವೆ. ನಿಜವಾಗಿ ನೋಡಿದರೆ, ಅನೇಕ ಸಂದರ್ಭಗಳಲ್ಲಿ ಬಿಲ್ಲೆ ಬಾಗಿರುವುದಿಲ್ಲ. ಅದರ ದಪ್ಪವು ಒಂದೆಡೆಯಿಂದ ಇನ್ನೊಂದೆಡೆಗೆ ಒಂದು ಮಿಲಿಮೀಟರಿನ ನೂರನೆಯ ಒಂದೆರಡು ಪಾಲಿನಷ್ಟು ಬೇರೆಯಾಗಿರುತ್ತದೆ, ಅಥವಾ ಕಾದ ಪ್ಯಾಡಿನ ಅಂಶವು ಒಂದು ಕಡೆ ಅಂಟಿಕೊಂಡಿರುತ್ತದೆ. ಅಷ್ಟೇ ಸಾಕು, ಸ್ಟೇರಿಂಗು ನಡುಗಲು. ಘಟ್ಟವಿಳಿದು ಬಂದವರು ಕಾದ ಬ್ರೇಕನ್ನು ಒತ್ತಿ ಹಿಡಿದುಕೊಂಡೇ ನಿಲ್ಲುವುದರಿಂದಲೂ, ಮಾಕುಟ್ಟದ ತೊರೆಯ ಬದಿಯಲ್ಲಿ ನಿಲ್ಲಿಸಿ ಬಿಸಿ ಚಕ್ರದ ಮೇಲೆ ತಣ್ಣೀರು ಎರಚುವುದರಿಂದಲೂ ಈ ಕೇಡು ಒದಗುತ್ತದೆ. ನನ್ನ ಹತ್ತಿರದವರಲ್ಲೆಲ್ಲ ಇದನ್ನು ಕೇಳಿಕೊಳ್ಳುತ್ತಲೇ ಬಂದಿದ್ದೇನೆ: ಇಳಿದ ಮೇಲೆ ಒಂದೆರಡು ಕಿಲೋಮೀಟರು ಬ್ರೇಕು ಮುಟ್ಟದೆ ನಿಧಾನವಾಗಿ ಓಡಿಸಿ, ಗಾಳಿಯೇ ಅದನ್ನು ತಣಿಸಲಿ.

ಕಣ್ಣು ಹೇಳಲಾರದುದನ್ನು ಅಳತೆ ಹೇಳುತ್ತದೆ. ಬಹುತೇಕ ಬಿಲ್ಲೆಗಳ ಅಂಚಿನಲ್ಲೋ ನಡುವಣ ಟೊಪ್ಪಿಯ ಮೇಲೋ "ಮಿನ್ ಟಿಎಚ್" ಎಂಬ ಅಕ್ಷರಗಳ ಮುಂದೆ ಒಂದು ಸಂಖ್ಯೆಯನ್ನು ಅಚ್ಚೊತ್ತಿರುತ್ತಾರೆ. ಇದಕ್ಕಿಂತ ತೆಳುವಾದರೆ ಬಳಸತಕ್ಕುದಲ್ಲ ಎಂಬುದೇ ಅದರ ಅರ್ಥ. ಹೊಸದಾಗಿದ್ದಾಗ 22 ಮಿಲಿಮೀಟರಿದ್ದ ಬಿಲ್ಲೆಗೆ 20 ಎಂದು ಬರೆದಿದ್ದರೆ, ಒಂದೊಂದು ಮುಖಕ್ಕೆ ಸವೆಯಲು ಸಿಕ್ಕುವುದು ಒಂದೇ ಒಂದು ಮಿಲಿಮೀಟರು. ಇಷ್ಟು ಸೂಕ್ಷ್ಮವಾದ ಅಂತರವನ್ನು ಕಣ್ಣಳತೆಯಿಂದ ನಿರ್ಣಯಿಸುವುದು ಸಾಧ್ಯವೆ? ವರ್ನಿಯರಿನ ಅಗಲವಾದ ದವಡೆಗಳು ಅಂಚಿನ ತುಕ್ಕಿನ ದಿಣ್ಣೆಯ ಮೇಲೆ ಕುಳಿತು ಇರುವುದಕ್ಕಿಂತ ಹೆಚ್ಚು ದಪ್ಪವನ್ನು ತೋರಿಸುತ್ತವೆಯಾದುದರಿಂದ, ಮೈಕ್ರೋಮೀಟರಿನಿಂದಲೇ, ಅಂಚಿಗಿಂತ ಒಂದು ಸೆಂಟಿಮೀಟರು ಒಳಗೆ, ಸುತ್ತಲೂ ಎಂಟು ಕಡೆ ಅಳೆಯಬೇಕು. ನಮ್ಮ ಕಾರಿನ ಬಿಲ್ಲೆಯಲ್ಲಿ ಅತ್ಯಂತ ತೆಳುವಾದ ಜಾಗವು ಬರೆದ ಸಂಖ್ಯೆಗಿಂತ ಕೆಳಗಿತ್ತು. ಲೇತಿನಲ್ಲಿ ಮುಖವನ್ನು ಸಮಮಾಡಿಸುವ ಯೋಚನೆಗೆ ಅಲ್ಲಿಗೇ ತೆರೆಬಿದ್ದಿತು. ಸಮಮಾಡಿದ ಮೇಲೂ ಕನಿಷ್ಠ ದಪ್ಪಕ್ಕಿಂತ ಸಾಕಷ್ಟು ಮೇಲಿರುವಂತಿದ್ದರೆ ಮಾತ್ರ ಲೇತಿನ ಖರ್ಚು ಸಾರ್ಥಕ.

ಇನ್ನು ಹೊಸದನ್ನು ಆರಿಸುವ ವಿಚಾರ. ಒಂದೇ ಹೆಸರಿನ ಕಾರಿನಲ್ಲಿ ವರ್ಷಕ್ಕೊಂದು, ಎಂಜಿನ್ನಿಗೊಂದು ಎಂಬಂತೆ ಬಿಲ್ಲೆಯ ವ್ಯಾಸವೂ ಟೊಪ್ಪಿಯ ಎತ್ತರವೂ ಬದಲಾಗುವುದುಂಟು. ಆದುದರಿಂದ ಗೋಣಿಕೊಪ್ಪಲಿನ ಅಂಗಡಿಗಾಗಲಿ ಮೈಸೂರಿಗಾಗಲಿ ಹೋಗುವವರು ಕಾರಿನ ಹೆಸರನ್ನು ಹೇಳಿ ಸುಮ್ಮನಾಗದೆ, ಚಾಸಿ ಸಂಖ್ಯೆಯನ್ನು ಬರೆದುಕೊಂಡು ಹೋಗುವುದು ಲೇಸು. ಎರಡು ಮುಖಗಳ ನಡುವೆ ಗಾಳಿ ಹಾಯುವ ಸಂದುಗಳಿರುವ ಬಿಲ್ಲೆಯಿದ್ದಲ್ಲಿ ಅದನ್ನೇ ಹಾಕಬೇಕು. ಆ ಸಂದುಗಳ ರೆಕ್ಕೆಗಳು ಬಾಗಿದ್ದರೆ ಎಡಬಲಗಳಿಗೆ ಬೇರೆಬೇರೆ ಬಿಲ್ಲೆಗಳಿರುವುದುಂಟು. ತೂತು ಕೊರೆದ, ಗೀರು ಹಾಕಿದ, ನೋಟಕ್ಕೆ ಪಂದ್ಯದ ಕಾರಿನಂತೆ ಕಾಣುವ ಬಿಲ್ಲೆಗಳ ಮೋಹವು ಯುವಕರಿಗೆ ಸಹಜವಾದುದಾದರೂ, ಕುಟುಂಬದ ಕಾರಿಗೆ ಸಾದಾ ಬಿಲ್ಲೆಯೇ ಸರಿಯೆಂಬುದು ನನ್ನ ದೃಢಾಭಿಪ್ರಾಯ: ತೂತಿನ ಅಂಚುಗಳಿಂದಲೇ ಶಾಖದ ಬಿರುಕುಗಳು ಮೊದಲಾಗುತ್ತವೆ, ಕೆಸರೂ ಅಲ್ಲಿಯೇ ಸೇರಿಕೊಳ್ಳುತ್ತದೆ. ನಮ್ಮ ಹವೆಯಲ್ಲಿ ಹೆಚ್ಚು ಹಣ ಕೊಡಬೇಕಾದುದು ತುಕ್ಕುನಿರೋಧಕ ಲೇಪನವುಳ್ಳ ಬಿಲ್ಲೆಗೆ. ಲೇಪನವು ಪ್ಯಾಡು ಉಜ್ಜುವ ಭಾಗದಲ್ಲಿ ಬೇಗ ಹೋದರೂ, ಟೊಪ್ಪಿಯನ್ನೂ ಗಾಳಿಸಂದುಗಳನ್ನೂ ಹಲವು ಮಳೆಗಾಲಗಳವರೆಗೆ ಕಾಯುತ್ತದೆ. ತಯಾರಕನ ಗುರುತು, ಬ್ಯಾಚಿನ ಸಂಖ್ಯೆ, ಕನಿಷ್ಠ ದಪ್ಪ, ಈ ಮೂರೂ ಲೋಹದ ಮೇಲೆಯೇ ಅಚ್ಚಾಗಿರದೆ ಬರಿಯ ಡಬ್ಬಿಯ ಮೇಲಷ್ಟೇ ಇರುವ ಬಿಲ್ಲೆಯನ್ನು, ಬೆಲೆ ಎಷ್ಟೇ ಇಳಿಸಿ ಕೊಟ್ಟರೂ, ನಾನು ಕೈಯಿಂದ ಮುಟ್ಟಲಾರೆ. ಒಂದು ಪಕ್ಕದ್ದನ್ನು ಮಾತ್ರ ಬದಲಿಸುವ ಉಳಿತಾಯವೂ ಸಲ್ಲದು. ಎರಡೂ ಬಿಲ್ಲೆಗಳನ್ನು, ಅವುಗಳೊಂದಿಗೆ ಪ್ಯಾಡುಗಳನ್ನು, ಒಟ್ಟಿಗೆ ಹಾಕಿದರೆ ಮಾತ್ರ ಕಾರು ಒಂದು ಪಕ್ಕಕ್ಕೆ ಎಳೆಯದೆ ನಿಲ್ಲುತ್ತದೆ. ಅದೇ ಸಮಯದಲ್ಲಿ ಬ್ರೇಕ್ ಆಯಿಲನ್ನೂ ಬದಲಿಸಿಬಿಡುವುದು ವಿಹಿತ. ಅದು ಗಾಳಿಯ ತೇವವನ್ನು ಹೀರುವ ದ್ರವ. ಹೊಸದಾಗಿರುವಾಗ 230 ಡಿಗ್ರಿಯವರೆಗೂ ಕುದಿಯದ ಡಾಟ್ 4, ತೇವ ಹೀರಿದ ಮೇಲೆ 155ರ ಸುಮಾರಿಗೇ ಕುದಿಯಬಹುದು, ಕುದಿದರೆ ಪೆಡಲು ನೆಲಕ್ಕಿಳಿಯುತ್ತದೆ. ಎರಡು ವರ್ಷಕ್ಕೊಮ್ಮೆ ಬದಲಿಸುವ ಸಾಮಾನ್ಯ ನಿಯಮವನ್ನು ಕೊಡಗಿನವರು ಮೀರಲೇಬಾರದು.

ನಮ್ಮ ಮೆಕ್ಯಾನಿಕ್ಕು ಹೊಸ ಬಿಲ್ಲೆಯನ್ನು ಕೂರಿಸುವ ಮೊದಲು ಹಬ್ಬಿನ ಮುಖದ ತುಕ್ಕನ್ನು ತಂತಿಯ ಬ್ರಷ್ಷಿನಿಂದ ಉಜ್ಜಿ ಲೋಹ ಕಾಣುವಂತೆ ಮಾಡಿದ. ಅಲ್ಲಿ ಉಳಿದ ಒಂದು ಚೂರು ತುಕ್ಕೂ ಬಿಲ್ಲೆಯನ್ನು ಓರೆಯಾಗಿ ಕೂರಿಸಿ, ಕೆಲವು ಸಾವಿರ ಕಿಲೋಮೀಟರಿನೊಳಗೆ ಅದೇ ಅದುರನ್ನು ಮರಳಿ ತರುತ್ತದಂತೆ. ಬಿಲ್ಲೆಗೆ ಸವರಿದ್ದ ಎಣ್ಣೆಯನ್ನು ಒರೆಸಿ, ಪಿನ್ನುಗಳಿಗೆ ಹೊಸ ಗ್ರೀಸು ಹಚ್ಚಿ, ಚಕ್ರವನ್ನು ತೊಡಿಸಿದ ಮೇಲೆ ಆತ ನನಗೆ ಕೀಲಿಯನ್ನು ಕೊಡುವ ಮುನ್ನ ತಾನೇ ಒಳಗೆ ಕುಳಿತು ಪೆಡಲನ್ನು ಹತ್ತು ಸಲ ಒತ್ತಿದ. ಹಿಂದಕ್ಕೆ ತಳ್ಳಿದ ಪಿಸ್ಟನ್ನುಗಳು ಪ್ಯಾಡನ್ನು ಮುಟ್ಟುವವರೆಗೆ ಪೆಡಲು ಟೊಳ್ಳಾಗಿರುವುದರಿಂದ, ಇದನ್ನು ಮರೆತವನಿಗೆ ಗ್ಯಾರೇಜಿನ ಗೇಟಿನಲ್ಲೇ ಬ್ರೇಕು ಸಿಕ್ಕುವುದಿಲ್ಲ. "ಮುನ್ನೂರು ಕಿಲೋಮೀಟರು ಜೋರಾಗಿ ಹಿಡೀಬೇಡಿ ಸಾರ್, ಕಚ್ಚಿಕೊಳ್ಳಲಿ" ಎಂದ. ಆಯುಧಪೂಜೆಗೆ ಒಂದು ವಾರ ಉಳಿದಿತ್ತು. ಮಳೆ ಹಿಂದೆಗೆದು, ವಾಹನಗಳನ್ನು ತೊಳೆದು ಹೂವು ಏರಿಸುವ ಆ ಹೊತ್ತಿನಲ್ಲಿಯೇ ನಮ್ಮ ಮನೆಯಲ್ಲಿ ಪ್ರತಿವರ್ಷವೂ ಈಗ ಚಕ್ರಗಳನ್ನು ಕಳಚಿ ಬಿಲ್ಲೆಯ ಎರಡೂ ಮುಖಗಳನ್ನು ನೋಡಿ, ದಪ್ಪವನ್ನು ಅಳೆಯುತ್ತೇವೆ. ಅಳತೆಯನ್ನು ತಾರೀಖಿನೊಡನೆ ಕಾರಿನ ಪುಸ್ತಕದ ಕೊನೆಯ ಹಾಳೆಯಲ್ಲಿ ಬರೆದಿಡುತ್ತೇನೆ. ಕಳೆದ ಸಲ ಬಲಗಡೆಯದು 21.4 ಮಿಲಿಮೀಟರು, ಎಡಗಡೆಯದು 21.3.