ಕತ್ತಲೆಯ ನಾಡಿನ ಬಿಸಿ ಬಟ್ಟಲು

ಡಿಸೆಂಬರ್ ತಿಂಗಳ ನಡುಭಾಗದಲ್ಲಿ ಸ್ವೀಡನ್ನಿನ ರಾಜಧಾನಿ ಸ್ಟಾಕ್‌ಹೋಮಿನಲ್ಲಿ ಸೂರ್ಯನು ಮಧ್ಯಾಹ್ನ ಮೂರು ಗಂಟೆಗೆ ಮೊದಲೇ ಮುಳುಗುತ್ತಾನೆ. ಕ್ರಿಸ್‌ಮಸ್ ಹಬ್ಬಕ್ಕೆ ಹಿಂದಿನ ಆ ದಿನಗಳಲ್ಲಿ, ಹಿಮವನ್ನು ತುಳಿದು ಬಂದ ಅತಿಥಿಯು ಮೇಲಂಗಿ ಕಳಚಿದೊಡನೆ ಅವನ ಕೈಗೆ ಬರುವ ಬಿಸಿ ಪಾನೀಯಕ್ಕೆ ‘ಗ್ಲೊಗ್’ ಎಂದು ಹೆಸರು. ಕಾಯಿಸಿದ ವೈನು ಎಂಬ ಅರ್ಥದ ಹಳೆಯ ಮಾತೊಂದು ಸವೆದು ಹೀಗಾಗಿದೆ. ಮದ್ಯದ ಪ್ರಸ್ತಾಪವೇ ಬೇಡವೆನ್ನುವವರಿಗೂ ಇದರಲ್ಲೊಂದು ಪಾಲುಂಟು. ಅದನ್ನು ಮುಂದೆ ಹೇಳುತ್ತೇನೆ.

ಇದಕ್ಕೆ ತೀರ ಸಾಧಾರಣವಾದ ಕೆಂಪು ವೈನು ಸಾಕು. ಬೆಲೆಬಾಳುವ ವೈನನ್ನು ಸುರಿಯುವುದು ಶುದ್ಧ ದುಂದೆಂದೇ ನನ್ನ ಮತ. ಸಂಬಾರ ಪದಾರ್ಥಗಳಲ್ಲಿ ಮಾತ್ರ ಜಿಪುಣತನ ಸಲ್ಲದು: ದಾಲ್ಚಿನ್ನಿ, ಲವಂಗ, ಶುಂಠಿ, ಒಣಗಿಸಿದ ಕಹಿ ಕಿತ್ತಳೆಯ ಸಿಪ್ಪೆ, ಎಲ್ಲಕ್ಕೂ ಮಿಗಿಲಾಗಿ ಏಲಕ್ಕಿ. ನಮ್ಮ ಪಶ್ಚಿಮ ಘಟ್ಟದ ಕಾಡಿನ ಈ ಕಾಯಿ ಹಾವೇರಿಯಲ್ಲಿ ಹಾರವಾದರೆ, ಸ್ವೀಡನ್ನಿನಲ್ಲಿ ಬನ್ನಿನ ಹಿಟ್ಟಿಗೂ ಹಬ್ಬದ ಬಟ್ಟಲಿಗೂ ಬೀಳುತ್ತದೆ.

ನಮ್ಮ ಕಷಾಯವನ್ನು ಬಲ್ಲವರಿಗೆ ಇದರ ಕ್ರಮ ಮೊದಲಿಗೆ ವಿಪರೀತವಾಗಿ ತೋರೀತು. ಕಷಾಯ ಕುದಿಯಬೇಕು, ಬತ್ತಬೇಕು. ಏಕೆಂದರೆ ಸಂಬಾರಗಳ ಪರಿಮಳವೆಲ್ಲ ಇರುವುದು ತೈಲದಲ್ಲಿ, ಆ ತೈಲವು ನೀರಿಗೆ ಸುಲಭವಾಗಿ ಇಳಿಯದು. ಮದ್ಯಸಾರಕ್ಕಾದರೋ ಅದು ತಣ್ಣಗಿರುವಾಗಲೇ ಒಲಿಯುತ್ತದೆ. ಆದುದರಿಂದ ಒಂದು ದಾಲ್ಚಿನ್ನಿ ಚಕ್ಕೆ, ಹತ್ತು ಲವಂಗ, ಜಜ್ಜಿದ ಎಂಟು ಹತ್ತು ಏಲಕ್ಕಿ, ಒಂದು ತುಂಡು ಶುಂಠಿ, ಸ್ವಲ್ಪ ಸಿಪ್ಪೆ ಇವನ್ನು 100 ಮಿಲಿಲೀಟರ್ ವೋಡ್ಕದಲ್ಲಿ ರಾತ್ರಿಯಿಡೀ ನೆನೆಹಾಕುತ್ತಾರೆ. ಮರುದಿನ ಸೋಸಿ, 750 ಮಿಲಿಲೀಟರಿನ ಒಂದು ಸೀಸೆ ವೈನಿಗೆ ಬೆರೆಸಿ, 100 ಗ್ರಾಂ ಸಕ್ಕರೆ ಕೂಡಿಸಿ ಸಣ್ಣ ಉರಿಯಲ್ಲಿಡುತ್ತಾರೆ. ಸಕ್ಕರೆ ಕರಗಿ, ಹಬೆ ಏಳತೊಡಗಿತೆಂದರೆ ಇಳಿಸಿಬಿಡಬೇಕು. ಶುದ್ಧ ಮದ್ಯಸಾರವು 78 ಡಿಗ್ರಿ ಸೆಲ್ಸಿಯಸ್ ಶಾಖದಲ್ಲೇ ಕುದಿಯತಕ್ಕದ್ದು. ವೈನಿನಲ್ಲಿ ನೀರಿನೊಡನೆ ಬೆರೆತಿರುವುದರಿಂದ ಒಮ್ಮೆಗೇ ಹಾರಿಹೋಗದಾದರೂ, ಕುದಿಸಿದಷ್ಟೂ ಪರಿಮಳ ಅಡಿಗೆಮನೆಯ ಪಾಲಾಗುತ್ತದೆ. ಸಕ್ಕರೆಯ ಮೇಲೆ ಸಾರಾಯಿ ಸುರಿದು ಬೆಂಕಿ ಹಚ್ಚಿ, ಅದು ಕರಗಿ ವೈನಿಗೆ ತೊಟ್ಟಿಕ್ಕುವಂತೆ ಮಾಡುವ ಪದ್ಧತಿಯೂ ಉಂಟು. ನೋಡಲು ಚೆನ್ನ, ಮನೆಯಲ್ಲಿ ಮಾಡಲು ತಕ್ಕದ್ದಲ್ಲ.

ಇದನ್ನು ಕೊಡುವ ಬಟ್ಟಲು ನಮ್ಮ ಕಾಫಿಯ ಲೋಟಕ್ಕಿಂತಲೂ ಚಿಕ್ಕದು. ಅದು ಕೇವಲ ಅಲಂಕಾರವೆಂದು ಬಗೆಯಬಾರದು. ಸಿಹಿಯೂ ಬಿಸಿಯೂ ಮದ್ಯದ ತೀಕ್ಷ್ಣತೆಯನ್ನು ಮರೆಮಾಡುತ್ತವೆ. ಎಷ್ಟು ಕುಡಿದೆವೆಂಬ ಲೆಕ್ಕ ತಪ್ಪುತ್ತದೆ. ಇನ್ನೂ ಒಂದು ವಂಚನೆಯುಂಟು. ಮದ್ಯವು ಚರ್ಮದ ರಕ್ತನಾಳಗಳನ್ನು ಹಿಗ್ಗಿಸುವುದರಿಂದ ಮೈ ಬೆಚ್ಚಗಾಯಿತೆಂದು ತೋರುತ್ತದೆ. ವಾಸ್ತವದಲ್ಲಿ ಒಳಗಿನ ಶಾಖ ಹೊರಗೆ ಸೋರಿಹೋಗುತ್ತಿರುತ್ತದೆ. ಸೊನ್ನೆಗಿಂತ ಕೆಳಗಿನ ಚಳಿಯಲ್ಲಿ ಮನೆಗೆ ನಡೆದು ಹೋಗಬೇಕಾದವನಿಗೆ ಇದು ಪ್ರಾಣದ ಪ್ರಶ್ನೆ. ಮೇಲಂಗಿಯ ಗುಂಡಿ ಹಾಕಿಕೊಳ್ಳದೆ ಹೊರಟ ಅತಿಥಿಯನ್ನು ಬಾಗಿಲಲ್ಲೇ ತಡೆದು, ಕುತ್ತಿಗೆಗೆ ಉಣ್ಣೆಯ ಪಟ್ಟಿ ಸುತ್ತಿ ಕಳುಹಿಸಿದ ಗೃಹಿಣಿಯೊಬ್ಬರನ್ನು ನಾನು ಕಂಡಿದ್ದೇನೆ. ಸಂಬಾರದ ಹದಕ್ಕಿಂತ ಆ ಎಚ್ಚರವೇ ನನಗೆ ದೊಡ್ಡದಾಗಿ ಕಂಡಿತು.

ಮದ್ಯ ಮುಟ್ಟದವರ ಪಾಲು ಎಂದೆನಷ್ಟೆ. ಅವರಿಗಾಗಿ ದ್ರಾಕ್ಷಿಯ ರಸವನ್ನೋ ಕಪ್ಪು ಕರಂಟ್ ಹಣ್ಣಿನ ರಸವನ್ನೋ ಅವೇ ಸಂಬಾರಗಳೊಡನೆ ಕಾಯಿಸುತ್ತಾರೆ. ಇಲ್ಲಿ ನೆನೆಸಲು ವೋಡ್ಕ ಇಲ್ಲವಾದ್ದರಿಂದ ಸಂಬಾರಗಳನ್ನು ನಮ್ಮ ಕಷಾಯದ ಕ್ರಮದಲ್ಲೇ ನೀರಿನಲ್ಲಿ ಕುದಿಸಿ ರಸಕ್ಕೆ ಸೇರಿಸಿದರಾಯಿತು. ಬಟ್ಟಲು ಅದೇ, ಬಣ್ಣ ಅದೇ. ಯಾರ ಕೈಯಲ್ಲಿ ಯಾವುದಿದೆಯೆಂದು ಯಾರೂ ಕೇಳುವುದಿಲ್ಲ. ಎರಡಕ್ಕೂ ಒಣದ್ರಾಕ್ಷಿ, ಸಿಪ್ಪೆ ಸುಲಿದ ಬಾದಾಮಿ ಹಾಕಿ ಪುಟ್ಟ ಚಮಚವೊಂದನ್ನು ಜೊತೆಗಿಡುತ್ತಾರೆ. ಕುಡಿದು ಮುಗಿದ ಮೇಲೆ ತಳದಲ್ಲಿ ಉಬ್ಬಿ ಕುಳಿತ ದ್ರಾಕ್ಷಿಯನ್ನು ಅದರಿಂದ ತೆಗೆದು ತಿನ್ನುವುದು ಅಲ್ಲಿ ಅಸಭ್ಯವಲ್ಲ.