ಸಮವಸ್ತ್ರದೊಳಗಿನ ಬಾಲ್ಯ

ಮನುಷ್ಯನನ್ನು ತಿದ್ದಲೆಂದು, ಕಾಯಲೆಂದು ಸಮಾಜವು ಕಟ್ಟಿರುವ ಮನೆಗಳು ಹಲವು: ಶಾಲೆ, ಆಸ್ಪತ್ರೆ, ಮಠ, ಅನಾಥಾಲಯ, ಸೈನಿಕ ವಿದ್ಯಾಲಯ. ಹೊರಗಿನವರಿಗೆ ಕಾಣುವುದು ಅವುಗಳ ಮಹಾದ್ವಾರ ಮಾತ್ರ. ಗಂಟೆಯ ಸದ್ದಿಗೆ ಎದ್ದು, ಗಂಟೆಯ ಸದ್ದಿಗೆ ಮಲಗುವ ಒಳಗಿನ ಜೀವಗಳ ಮನಸ್ಸನ್ನು ಅರಿಯುವ ಬಗೆ ಯಾವುದು? ಫಿನ್‌ಲೆಂಡಿನ ಚಿತ್ರನಿರ್ದೇಶಕಿ ಪಿರ್ಯೊ ಹೊಂಕಸಾಲೊ ತಮ್ಮ ಸಾಕ್ಷ್ಯಚಿತ್ರಗಳಲ್ಲಿ ಕಂಡುಕೊಂಡ ಬಗೆ ಸರಳವಾದುದು: ಪ್ರಶ್ನಿಸದೆ, ತೀರ್ಪು ನೀಡದೆ, ತಾಳ್ಮೆಯಿಂದ ನೋಡುತ್ತಿರುವುದು.

1947ರಲ್ಲಿ ಹೆಲ್ಸಿಂಕಿಯಲ್ಲಿ ಜನಿಸಿದ ಈಕೆ ತಮ್ಮ ಅನೇಕ ಚಿತ್ರಗಳಿಗೆ ತಾವೇ ಛಾಯಾಗ್ರಾಹಕಿಯೂ ಹೌದು. 1991ರ ‘ಮಿಸ್ಟೀರಿಯನ್’ ಚಿತ್ರವು ಎಸ್ಟೋನಿಯದ ಪ್ಯುಹ್ತಿತ್ಸ ಸಂನ್ಯಾಸಿನಿಯರ ಮಠದೊಳಕ್ಕೆ ನಮ್ಮನ್ನು ಕರೆದೊಯ್ಯುತ್ತದೆ. ಸೋವಿಯತ್ ಆಳ್ವಿಕೆಯಲ್ಲಿಯೂ ಬಾಗಿಲು ಮುಚ್ಚದೆ ಉಳಿದ ಮಠವದು. 1993ರ ‘ತಾನ್ಯುಷ್ಕ ಮತ್ತು ಏಳು ದೆವ್ವಗಳು’ ಚಿತ್ರದ ಬಾಲಕಿಗೆ ಮನೋರೋಗವೆಂಬುದು ವೈದ್ಯರ ಮತ. ದೆವ್ವದ ಕಾಟವೆಂಬುದು ಪಾದ್ರಿಯ ಮತ. ಇಬ್ಬರ ನಡುವೆ ಮಗುವಿನ ಮೌನ. ಈ ಚಿತ್ರತ್ರಯದ ಕೊನೆಯದಾದ ‘ಆತ್ಮನ್’ (1996) ನಮ್ಮ ಗಂಗಾತೀರದ ಯಾತ್ರೆಯನ್ನೇ ಕುರಿತದ್ದು.

ಈಕೆಯ ನೋಟದ ಶಕ್ತಿ ಪೂರ್ಣವಾಗಿ ಪ್ರಕಟವಾದುದು 2004ರಲ್ಲಿ ತೆರೆಕಂಡ ‘ವಿಷಾದದ ಮೂರು ಕೋಣೆಗಳು’ ಚಿತ್ರದಲ್ಲಿ. ಚೆಚೆನ್ಯದ ಯುದ್ಧವೇ ಅದರ ವಸ್ತು; ಆದರೆ ರಣರಂಗ ಅದರ ಮುಖ್ಯ ದೃಶ್ಯವಲ್ಲ, ಮಕ್ಕಳ ಮುಖಗಳೇ ಮುಖ್ಯ.

ಮೊದಲನೆಯ ಕೋಣೆಯ ಹೆಸರು ‘ಹಂಬಲ’. ಸೇಂಟ್ ಪೀಟರ್ಸ್‌ಬರ್ಗಿನ ಬಳಿಯ ಕ್ರೋನ್‌ಸ್ಟಾಟ್ ದ್ವೀಪನಗರದ ಸೈನಿಕ ವಿದ್ಯಾಲಯವದು. ಅಲ್ಲಿ ಒಂಬತ್ತು ಹತ್ತು ವರ್ಷದ ಹಸುಳೆಗಳೂ ಸಮವಸ್ತ್ರ ಧರಿಸಿ ಕವಾಯತು ಮಾಡುತ್ತಾರೆ. ಬಂದೂಕು ಹಿಡಿಯಲು ಕಲಿಯುತ್ತಾರೆ. ಹಲವರು ಅನಾಥರು, ಹಲವರು ಒಡೆದ ಸಂಸಾರಗಳಿಂದ ಬಂದವರು. ಒಬ್ಬೊಬ್ಬನ ಹಿನ್ನೆಲೆಯನ್ನು ಒಂದೆರಡು ಮಾತುಗಳಲ್ಲಿ ತಿಳಿಸಿ ನಿರೂಪಣೆ ಸುಮ್ಮನಾಗುತ್ತದೆ. ಆಮೇಲೆ ಕ್ಯಾಮೆರಾ ಆ ಎಳೆಯ ಮುಖದ ಮೇಲೆ ನೆಲೆಸುತ್ತದೆ. ಸಾಲಿನಲ್ಲಿ ನಿಂತಾಗ ಎಲ್ಲರೂ ಒಂದೇ ಅಚ್ಚಿನವರು. ಹತ್ತಿರದಿಂದ ನೋಡಿದರೆ ಒಬ್ಬೊಬ್ಬನೂ ಒಂಟಿ.

ಎರಡನೆಯ ಕೋಣೆ ‘ಉಸಿರು’. ಬಾಂಬುಗಳಿಂದ ಜರ್ಝರಿತವಾದ ಗ್ರೋಜ್ನಿ ನಗರವನ್ನು ಕಪ್ಪು-ಬಿಳುಪಿನಲ್ಲಿ ಕಾಣುತ್ತೇವೆ. ಹಾಸಿಗೆ ಹಿಡಿದ ತಾಯಿಯ ಬಳಿಯಿಂದ ಅವಳ ಮಕ್ಕಳನ್ನು ಪರೋಪಕಾರಿ ಮಹಿಳೆಯೊಬ್ಬಳು ಕರೆದೊಯ್ಯುತ್ತಾಳೆ. ಮಕ್ಕಳನ್ನು ಉಳಿಸಬೇಕಾದರೆ ತಾಯಿಯಿಂದ ಅಗಲಿಸಲೇಬೇಕು! ಆ ಅಗಲಿಕೆಯ ಅಳುವನ್ನು ಕೇಳಿದವರು ಮರೆಯಲಾರರು. ಮೂರನೆಯದಾದ ‘ನೆನಪು’, ನೆರೆಯ ಇಂಗುಶೇತ್ಯದಲ್ಲಿ ಆಶ್ರಯ ಪಡೆದ ಚೆಚೆನ್ ಮಕ್ಕಳ ಕತೆ.

ಈ ಚಿತ್ರದಲ್ಲಿ ಖಳನಾಯಕರಿಲ್ಲ. ವಿದ್ಯಾಲಯವು ದಿಕ್ಕಿಲ್ಲದ ಬಾಲಕನಿಗೆ ಅನ್ನ, ಹಾಸಿಗೆ, ಶಿಸ್ತುಗಳನ್ನು ನೀಡುತ್ತದೆ. ಅದೇ ಕೈಯಿಂದ ಅವನನ್ನು ಯುದ್ಧಕ್ಕೂ ಸಜ್ಜುಗೊಳಿಸುತ್ತದೆ. ಗಡಿಯಾಚೆಯ ಮಗುವಿಗೆ ದೊರೆತ ಆಶ್ರಯವೂ ಅದೇ ಯುದ್ಧದ ಫಲ. ಇವರಿಬ್ಬರೂ ಒಬ್ಬರನ್ನೊಬ್ಬರು ಕಂಡವರಲ್ಲ, ಆದರೂ ದ್ವೇಷವು ಇಬ್ಬರಿಗೂ ಹಿರಿಯರಿಂದ ಬಂದ ಆಸ್ತಿ. ಮಕ್ಕಳನ್ನು ಯಾವುದೇ ಸಂಸ್ಥೆಯ ಮಡಿಲಿಗೆ ಒಪ್ಪಿಸುವಾಗ ಅಲ್ಲಿನ ಶಿಸ್ತನ್ನು ಮೆಚ್ಚಿದರಷ್ಟೇ ಸಾಲದು. ಆ ಶಿಸ್ತು ಅವರನ್ನು ಯಾವುದಕ್ಕಾಗಿ ಬೆಳೆಸುತ್ತಿದೆ ಎಂಬುದನ್ನೂ ಹಿರಿಯರು ನೋಡಬೇಕಲ್ಲವೆ?