ನೆರಳಿನಲ್ಲಿ ಚಿನ್ನ ತೋರಿಸಿದ ಕಂಬ!

‘ಮೆಕನ್ನಾಸ್ ಗೋಲ್ಡ್’ (1969) ಯಾರಿಗೆ ಗೊತ್ತಿಲ್ಲ ಹೇಳಿ! ಗ್ರೆಗರಿ ಪೆಕ್ ಹೀರೋ, ಓಮರ್ ಷರೀಫ್ ವಿಲನ್. ಆದರೆ ನನ್ನನ್ನು ಕೇಳಿದರೆ ಚಿತ್ರದ ಅಸಲಿ ಹೀರೋ ಒಂದು ಕಲ್ಲಿನ ಕಂಬ. ಸೂರ್ಯ ಹುಟ್ಟುತ್ತಲೇ ಅದರ ನೆರಳು ಉದ್ದಕ್ಕೆ ಹರಿದು ಚಿನ್ನದ ಕಣಿವೆಯ ದಾರಿ ತೋರಿಸುತ್ತಲ್ಲ, ಟಾಕೀಸಿನಲ್ಲಿ ಸೀಟಿಯೋ ಸೀಟಿ! (ಸೂರ್ಯ ಮೇಲೇರಿದರೆ ನೆರಳು ಕುಗ್ಗಬೇಕು. ಹಾಲಿವುಡ್ಡಿನಲ್ಲಿ ಬೆಳೆಯುತ್ತೆ. ಹೋಗಲಿ ಬಿಡಿ!)

ಆ ಕಂಬ ಸೆಟ್ಟಲ್ಲ ಸ್ವಾಮಿ, ಸಾಚಾ ಕಲ್ಲು. ಹೆಸರು ಸ್ಪೈಡರ್ ರಾಕ್. ಇರೋದು ಅಮೆರಿಕದ ಅರಿಜೋನಾ ರಾಜ್ಯದ ಕ್ಯಾನ್ಯನ್ ಡಿ ಶೇ ಕಣಿವೆಯಲ್ಲಿ. ಎತ್ತರ 700 ಅಡಿಗೂ ಮೇಲೆ. ಮೂರು ಕುತುಬ್ ಮಿನಾರ್ ಒಂದರ ಮೇಲೊಂದು ನಿಲ್ಲಿಸಿದ ಹಾಗೆ! ಕ್ಲೈಮ್ಯಾಕ್ಸಿನಲ್ಲಿ ಕಣಿವೆ ಗಡಗಡ ನಡುಗಿ ಕುಸಿಯೋದೆಲ್ಲ ಸಿನಿಮಾದವರ ಕೈಚಳಕ. ಕಂಬ ಇವತ್ತಿಗೂ ಗಟ್ಟಿಯಾಗಿ ನಿಂತಿದೆ.

ಇದನ್ನು ನಿಲ್ಲಿಸಿದ್ದು ಯಾರು? ಗಾಳಿ ಮತ್ತು ನೀರು. ಸುಮಾರು 28 ಕೋಟಿ ವರ್ಷಗಳ ಹಿಂದೆ ಅಲ್ಲಿದ್ದದ್ದು ಬರೀ ಮರಳು ದಿಬ್ಬ. ಗಾಳಿ ಪೇರಿಸಿದ ಮರಳು ಕಾಲಾಂತರದಲ್ಲಿ ಕೆಂಪು ಕಲ್ಲಾಯಿತು. ಆಮೇಲೆ ನೆಲ ಮೇಲೆದ್ದಿತು, ಹೊಳೆಗಳು ಕೊರೆಯುತ್ತಾ ಕೆಳಗಿಳಿದವು. ಎರಡು ಕಣಿವೆಗಳು ಕೂಡುವ ಜಾಗದಲ್ಲಿ, ಎರಡೂ ಕಡೆ ಕೊರೆದು ಮಿಕ್ಕಿದ್ದೇ ಈ ಕಂಬ! ಜಾನ್ ಫೋರ್ಡ್ ‘ಸ್ಟೇಜ್‌ಕೋಚ್’ನಲ್ಲಿ (1939) ತೋರಿಸಿದ ಮಾನ್ಯುಮೆಂಟ್ ವ್ಯಾಲಿಯ ಗೋಡೆಯಂಥ ಗುಡ್ಡಗಳೂ ಇದೇ ಜಾತಿಯ ಕಲ್ಲು.

ಚಿತ್ರದಲ್ಲಿ ಅಲ್ಲಿ ಬರೋರು ಅಪಾಚಿಗಳು. ನಿಜದಲ್ಲಿ ಅದು ನವಾಹೊ ಜನರ ನೆಲ. ಚಿನ್ನವೂ ಇಲ್ಲ, ಗಿನ್ನವೂ ಇಲ್ಲ. ಇದ್ದದ್ದು ಜೋಳದ ಹೊಲ, ಪೀಚ್ ಹಣ್ಣಿನ ತೋಟ. 1864ರಲ್ಲಿ ಕಿಟ್ ಕಾರ್ಸನ್‌ನ ಸೈನ್ಯ ಕಣಿವೆಗೆ ನುಗ್ಗಿತು. ಬೆಳೆ ಸುಟ್ಟರು, ಸಾವಿರಾರು ಪೀಚ್ ಮರ ಕಡಿದರು. ಹೊಟ್ಟೆಗಿಲ್ಲದೆ ಶರಣಾದ ಜನರನ್ನು, ಹೆಂಗಸರು ಮಕ್ಕಳೆನ್ನದೆ, ಸುಮಾರು 300 ಮೈಲಿ ನಡೆಸಿಕೊಂಡು ಹೋದರು. ದಾರಿಯಲ್ಲೇ ಸತ್ತವರೆಷ್ಟೋ! 1868ರಲ್ಲಿ ಒಪ್ಪಂದವಾಗಿ ಉಳಿದವರು ವಾಪಸು ಬಂದರು. ಚಿನ್ನದ ಕಥೆಗೆ ಕೋಟಿ ಸುರಿದ ಹಾಲಿವುಡ್ ಆ ಚಿತ್ರದಲ್ಲಿ ಇದರ ಸುದ್ದಿಯನ್ನೇ ಎತ್ತಲಿಲ್ಲ. ನನಗೆ ಹೊಟ್ಟೆ ಉರಿಯೋದು ಅಲ್ಲಿಗೇ.

ಈಗಲೂ ಕಣಿವೆಯೊಳಗೆ ನವಾಹೊ ಕುಟುಂಬಗಳಿವೆ. ಕಂಬದ ಬುಡಕ್ಕೆ ಹೋಗಬೇಕಾದರೆ ಅವರ ಗೈಡ್ ಜೊತೆಗಿರಲೇಬೇಕು. ಹತ್ತುವ ಹಾಗಂತೂ ಇಲ್ಲ. ತುದಿಯಲ್ಲಿ ಅವರಿಗೆ ನೇಯ್ಗೆ ಕಲಿಸಿದ ಜೇಡಮ್ಮನ ಮನೆಯಿದೆಯಂತೆ. ಮೇಲೆ ಬೆಳ್ಳಗೆ ಕಾಣೋದು ಹೇಳಿದ ಮಾತು ಕೇಳದ ಮಕ್ಕಳ ಮೂಳೆ ಅಂತ ಅಜ್ಜಿಯರು ಹೆದರಿಸುತ್ತಾರೆ!